ಮೇಸ್ತ್ರಿಯ ಮೂರು ವರಸೆ

ಊರವರು ಅವನಿಗೆ ಇಟ್ಟಿದ್ದ ಹೆಸರು ರಸಮಟ್ಟ ಮೇಸ್ತ್ರಿ. ಗಾರೆ ಕೆಲಸ ಮಾಡುವ ಎಲ್ಲರ ಚೀಲದಲ್ಲೂ ಒಂದು ರಸಮಟ್ಟ ಇದ್ದೇ ಇರುತ್ತದೆ. ಉದ್ದನೆಯ ಪಟ್ಟಿ, ಅದರ ನಡುವೆ ಗಾಜಿನ ಕೊಳವೆ, ಕೊಳವೆಯೊಳಗೊಂದು ಗುಳ್ಳೆ. ಗುಳ್ಳೆ ನಡುವೆ ನಿಂತರೆ ನೆಲ ಸಮ, ಅತ್ತಿತ್ತ ಸರಿದರೆ ಡೊಂಕು. ಬೇರೆಯವರು ಅದನ್ನು ಕೆಲಸವಿದ್ದಾಗ ತೆಗೆಯುತ್ತಾರೆ, ಮುಗಿದ ಮೇಲೆ ಚೀಲಕ್ಕೆ ಹಾಕುತ್ತಾರೆ. ನಮ್ಮ ಮೇಸ್ತ್ರಿಯ ಗುಳ್ಳೆ ಮಾತ್ರ ತಲೆಯೊಳಗೇ ಓಡಾಡುತ್ತಿತ್ತು. ಮಂಡಿ ಕೈಕೊಟ್ಟು ಕೆಲಸ ಬಿಟ್ಟು ಎರಡು ವರ್ಷವಾಗಿದ್ದರೂ ಆ ಚಾಳಿಯೂ ಬಿಟ್ಟಿರಲಿಲ್ಲ, ಕಿವಿಯ ಹಿಂದಿನ ಪೆನ್ಸಿಲೂ ಇಳಿದಿರಲಿಲ್ಲ. ಟೀ ಅಂಗಡಿಗೆ ಹೋದರೆ ಮೊದಲು ಮೇಜು ಅಲುಗಿಸಿ ನೋಡುವುದು, ಹಳೆಯ ಪೇಪರ್ ಮಡಚಿ ಕಾಲಿನಡಿ ತುರುಕುವುದು, ಆಮೇಲೆ ಟೀ. ಬ್ಯಾಂಕಿನ ಗೋಡೆಯ ಮೇಲಿನ ಫೋಟೊಗಳನ್ನು ಸರಿಪಡಿಸಲು ಹೋಗಿ ಕಾವಲುಗಾರನ ಹತ್ತಿರ ಎರಡು ಸಲ ಬೈಸಿಕೊಂಡಿದ್ದ. ಹಲ್ಲಿನ ಡಾಕ್ಟರ ಕುರ್ಚಿಯಲ್ಲಿ ಬಾಯಿ ಕಳೆದು ಮಲಗಿದ್ದವನು, ಡಾಕ್ಟರು ಕೈ ತೆಗೆದ ಕೂಡಲೇ ಹೇಳಿದ್ದು ನೋವಿನ ಸುದ್ದಿಯಲ್ಲ, ಅವರ ಸೂರು ಕಿಟಕಿಯ ಕಡೆಗೆ ಅರ್ಧ ಇಂಚು ಇಳಿದಿದೆ ಅನ್ನುವುದು.

ಅವನ ಹೆಂಡತಿಗೂ ಊರು ಒಂದು ಹೆಸರು ಕೊಟ್ಟಿತ್ತು, ಕೇಕಕ್ಕ. ಹನ್ನೆರಡು ವರ್ಷದಿಂದ ಮನೆಯಲ್ಲೇ ಕೇಕು ಮಾಡುತ್ತಿದ್ದಳು. ಆ ಬೀದಿಯಲ್ಲಿ ಮಗು ಹುಟ್ಟಲಿ, ಯಾರಾದರೂ ಪಾಸಾಗಲಿ, ಅರ್ಧ ಕೇಜಿಯೋ ಒಂದು ಕೇಜಿಯೋ ಅವಳ ಅಡುಗೆಮನೆಯಿಂದಲೇ ಹೋಗಬೇಕು. ಮೇಸ್ತ್ರಿ ಮಾತ್ರ ಅದನ್ನು ಕೆಲಸ ಎಂದು ಒಪ್ಪಿದವನಲ್ಲ. ಅವನ ಬಾಯಲ್ಲಿ ಅದು "ಸಿಹಿ ಗಾರೆ". ಸಂಜೆ ಮನೆಗೆ ಬಂದು, "ಇವತ್ತು ಎಷ್ಟು ಚದರ ಗಿಲಾವು ಆಯ್ತು?" ಎಂದು ಕೇಳುತ್ತಿದ್ದ. ಅವಳು ಬಿಡುವವಳೇ? "ನಿಮ್ಮ ಗೋಡೆ ನೂರು ವರ್ಷ ನಿಂತ್ರೂ ಯಾರೂ ನೆಕ್ಕಲ್ಲ ಬಿಡಿ" ಎನ್ನುತ್ತಿದ್ದಳು. ಮಾತಿಗೆ ಮಾತು, ಏಟಿಗೆ ಏಟು. ಮೂವತ್ತೈದು ವರ್ಷದ ಸಂಸಾರ ಆ ಜಟಾಪಟಿಯಲ್ಲೇ ಸುಖವಾಗಿ ಸಾಗಿತ್ತು.

ಐದು ವಾರದ ಕೆಳಗೆ, ಅಟ್ಟದ ಮೇಲಿನ ಟಿನ್ನು ತೆಗೆಯಲು ಹೋಗಿ ಅವಳು ಸ್ಟೂಲಿನಿಂದ ಬಿದ್ದಳು. ಬಲಗೈ ಮಣಿಕಟ್ಟು ಮುರಿಯಿತು. ಡಾಕ್ಟರು ಪ್ಲಾಸ್ಟರ್ ಹಾಕಿದರು. ಮೇಸ್ತ್ರಿ ಅದನ್ನು ತಿರುಗಿಸಿ ಮುರುಗಿಸಿ ನೋಡಿ, "ಫಿನಿಶಿಂಗ್ ಸಾಲದು ಡಾಕ್ಟ್ರೇ, ಮೊಣಕೈ ಹತ್ರ ಉಬ್ಬಿದೆ" ಅಂದ. ಅವಳು ನಗುತ್ತಾಳೆ ಎಂದುಕೊಂಡಿದ್ದ. ಅವಳು ನಗಲಿಲ್ಲ. ಡಾಕ್ಟರು ಆಗಷ್ಟೇ ಹೇಳಿದ್ದ ಮಾತು ಅವಳ ಕಿವಿಯಲ್ಲಿತ್ತು. ಕೈ ಮೊದಲಿನ ಹಾಗೆ ತಿರುಗುತ್ತದೋ ಇಲ್ಲವೋ, ಪ್ಲಾಸ್ಟರ್ ತೆಗೆದ ಮೇಲೆ ನೋಡೋಣ ಎಂದಿದ್ದರು.

ಅಂದಿನಿಂದ ಅವಳು ಮಾತು ನಿಲ್ಲಿಸಿದಳು. ಬಂದ ಆರ್ಡರುಗಳನ್ನೆಲ್ಲ ಬೇಡವೆಂದಳು. ಕಿಟಕಿಯ ಪಕ್ಕ ಕುರ್ಚಿ ಎಳೆದುಕೊಂಡು ಕೂತಳು. ಏನು ಕೇಳಿದರೂ "ಹೂಂ", ಇಲ್ಲವೇ "ಊಹೂಂ". ಮೇಸ್ತ್ರಿ ಬೇಕೆಂದೇ ಚಪ್ಪಲಿ ಹಾಕಿಕೊಂಡು ಅಡುಗೆಮನೆಯಲ್ಲಿ ಓಡಾಡಿದ. ಒದ್ದೆ ಟವೆಲನ್ನು ಹಾಸಿಗೆಯ ಮೇಲೆ ಎಸೆದ. ಒಂದು ಬೈಗುಳವೂ ಬರಲಿಲ್ಲ. ಮಾತು ಬೆಳ್ಳಿ, ಮೌನ ಬಂಗಾರ ಎಂದು ಗಾದೆ ಮಾಡಿದವನ ಹೆಂಡತಿ ಎಂದೂ ಐದು ವಾರ ಸುಮ್ಮನೆ ಕೂತಿರಲಿಕ್ಕಿಲ್ಲ.

ಆ ಸೋಮವಾರ ಅವಳು ಬಾಯಿ ಬಿಟ್ಟಳು. "ಆ ಓವನ್ ಯಾರಿಗಾದ್ರೂ ಕೊಟ್ಬಿಡಿ. ಸುಮ್ನೆ ಜಾಗ ತಿನ್ತಿದೆ" ಅಂದಳು.

ಮೇಸ್ತ್ರಿ ಓವನ್ನನ್ನು ಅಡುಗೆ ಕಟ್ಟೆಯಿಂದ ಇಳಿಸಿ, ಹಜಾರದ ಮೂಲೆಯಲ್ಲಿಟ್ಟು, ಹಳೆಯ ದುಪ್ಪಟಿ ಹೊದಿಸಿದ. ಕಟ್ಟೆಯ ಮೇಲೆ ಬಿದ್ದಿದ್ದ ಕಸಕಡ್ಡಿಯನ್ನೆಲ್ಲ ಗುಡಿಸಿ ಹಾಕಿದ. ದುಪ್ಪಟಿ ಹೊದಿಸುವಾಗ ಅವನಿಗೆ ನಿಜವಾಗಿಯೂ ಹೆದರಿಕೆಯಾಯಿತು. ಓವನ್ ಈ ಹೊಸಿಲು ದಾಟಿದರೆ ಇವಳ ಮಾತು ಮತ್ತೆ ಮನೆಗೆ ಬರುವುದಿಲ್ಲ ಎಂದು ಅವನಿಗೆ ಅನ್ನಿಸಿತು. ಆವತ್ತು ಸಂಜೆಯೇ ಅವನು, ಜನ್ಮದಲ್ಲಿ ಅಳತೆಯ ವಿಷಯದಲ್ಲಿ ಸುಳ್ಳಾಡದವನು, ಒಂದು ದೊಡ್ಡ ಸುಳ್ಳು ಕಟ್ಟಿದ.

"ಲೈಬ್ರರಿ ಮೇಡಂ ಫೋನ್ ಮಾಡಿದ್ರು ಕಣೇ" ಅಂದ. ಲೈಬ್ರರಿ ಮೇಡಂ ವರ್ಷಕ್ಕೆರಡು ಸಲ ಕೇಕು ಒಯ್ಯುವವರು, ಊರಿನ ಆಚೆ ತುದಿಯಲ್ಲಿರುವವರು, ಇವಳ ಕೈ ಮುರಿದ ಸುದ್ದಿ ತಿಳಿಯದವರು. ಫೋನ್ ಮಾಡಿದರೆ ಸುಲಭಕ್ಕೆ ಎತ್ತುವವರೂ ಅಲ್ಲ. ಸುಳ್ಳಿಗೆ ಇಂಥ ಗಿರಾಕಿಯೇ ಬೇಕು. "ನಾಳೆ ಸಂಜೆ ಐದಕ್ಕೆ ಒಂದು ಕೇಕು ಬೇಕಂತೆ. ಚಾಕೊಲೇಟು. ಮೂರು ಪದರ, ನಡುವೆ ಕಿತ್ತಳೆ."

"ಕೈ ಮುರಿದಿದೆ ಅಂತ ಹೇಳ್ಲಿಲ್ವಾ?"

"ಬಾಯಿಗೆ ಬರ್ಲಿಲ್ಲ. ಆಯ್ತು ಅಂದ್ಬಿಟ್ಟೆ."

"ಎಷ್ಟು ಬೇಕಂತೆ?"

ಇದೊಂದನ್ನು ಮೇಸ್ತ್ರಿ ಯೋಚಿಸಿಯೇ ಇರಲಿಲ್ಲ. ನಾಲಿಗೆಯೇ ಹಳೆಯ ಅಭ್ಯಾಸದಂತೆ ಓಡಿತು. "ಒಂಬತ್ತಿಂಚು ಅಗಲ, ನಾಲ್ಕೂವರೆ ಇಂಚು ಎತ್ತರ."

ಅವಳು ಕಿಟಕಿಯಿಂದ ಮುಖ ತಿರುಗಿಸಿ ಅವನನ್ನೇ ನೋಡಿದಳು. "ಒಪ್ಕೊಂಡೋರೇ ಮಾಡಿ" ಅಂದಳು.

ಮೇಸ್ತ್ರಿಗೆ ಅಷ್ಟೇ ಸಾಕಾಗಿತ್ತು.

ಮಾರನೆಯ ದಿನ ತಿಂಡಿ ಮುಗಿಸಿದವನೇ ಓವನ್ನನ್ನು ಅಪ್ಪಿ ಹಿಡಿದು ಕಟ್ಟೆಯ ಮೇಲಕ್ಕೆ ಸಾಗಿಸಿದ. ಅವಳ ಕೈಬರಹದ ಚೀಟಿ ಕಪಾಟಿನ ಬಾಗಿಲ ಒಳಗೆ ಅಂಟಿಸಿತ್ತು. ಮೈದಾ, ಕೋಕೋ ಪುಡಿ, ಸಕ್ಕರೆ, ಮೊಟ್ಟೆ, ಎಣ್ಣೆ, ಬಿಸಿನೀರು, ಸೋಡಾ. ಕೊನೆಯಲ್ಲಿ ಒಂದೇ ಸಾಲು: ಹದ ಬರುವವರೆಗೆ ಕಲಸುವುದು. ಮೇಸ್ತ್ರಿ ಓದಿ ತಲೆಯಾಡಿಸಿದ. ಇದರಲ್ಲೇನು ಬ್ರಹ್ಮವಿದ್ಯೆ? ಜರಡಿ ಹಿಡಿಯುವುದು ಅವನಿಗೆ ಯಾರೂ ಕಲಿಸಬೇಕಾಗಿರಲಿಲ್ಲ. ಮೈದಾ ಕೋಕೋ ಎರಡನ್ನೂ ಜರಡಿಯಾಡಿ, ಒರೆಸಿದ ಕಟ್ಟೆಯ ಮೇಲೆ ಗುಡ್ಡೆ ಹಾಕಿದ. ಗುಡ್ಡೆಯ ನೆತ್ತಿಯಲ್ಲಿ ಅಂಗೈಯಿಂದ ಒಂದು ಗುಂಡಿ ತೆಗೆದ. ಸಿಮೆಂಟು ಮರಳು ಕಲಸುವಾಗ ಹಾಗೆ ತಾನೇ ಮಾಡುವುದು, ಗುಂಡಿಗೆ ನೀರು ಹುಯ್ದು ಸುತ್ತಲಿಂದ ಎಳೆದುಕೊಳ್ಳುವುದು. ಅವನು ಬಿಸಿನೀರಿನ ಪಾತ್ರೆ ಎತ್ತಿದ.

"ಬೋಗುಣಿ ಅಂತ ಒಂದಿದೆ ಮನೇಲಿ."

ಹಿಂದೆ ತಿರುಗಿದರೆ ಹೆಂಡತಿ ಅಡುಗೆಮನೆಯ ಬಾಗಿಲಲ್ಲಿ ನಿಂತಿದ್ದಳು, ಪ್ಲಾಸ್ಟರಿನ ಕೈಯನ್ನು ಎಡಗೈಯಲ್ಲಿ ಎತ್ತಿ ಹಿಡಿದು, ಮುಖ ಗಂಟಿಕ್ಕಿಕೊಂಡು. ಆ ಗಂಟು ನೋಡಿ ಮೇಸ್ತ್ರಿಯ ಎದೆ ಹಗುರಾಯಿತು.

"ಯಾವ ಬೋಗುಣಿ?"

"ಕಣ್ಮುಂದೆ ಇರೋದು. ಮೊದ್ಲು ಆ ಗುಡ್ಡೇನ ಅದಕ್ಕೆ ತುಂಬಿ. ಅಯ್ಯೋ, ಕೈಯಲ್ಲಿ ಬಾಚ್ಬೇಡಿ, ರಟ್ಟು ತಗೊಳ್ಳಿ."

ಅವಳು ಕುರ್ಚಿಯನ್ನು ಕಿಟಕಿಯಿಂದ ಎಳೆಸಿಕೊಂಡು ಬಂದು ಅಡುಗೆಮನೆಯ ನಡುವೆ ಕೂತಳು. ಆಮೇಲೆ ಮೇಸ್ತ್ರಿಗೆ ಉಸಿರಾಡಲು ಪುರುಸೊತ್ತಿಲ್ಲ. ಮೊಟ್ಟೆ ಒಡೆಯುವ ರೀತಿ ಸರಿಯಿಲ್ಲ, ಸಕ್ಕರೆ ಕರಗಿಲ್ಲ, ಎಣ್ಣೆ ಒಮ್ಮೆಗೇ ಸುರಿಯಬಾರದು. ಅವನು ಹಿಟ್ಟನ್ನು ಗರಗರನೆ ತಿರುಗಿಸತೊಡಗಿದಾಗ ಅವಳು ಎದ್ದೇ ನಿಂತಳು.

"ಹೊಡೀಬೇಡಿ ಅದನ್ನ. ಅದೇನು ನಿಮ್ಮ ವೈರಿನಾ? ಜಾಸ್ತಿ ತಿರುವಿದ್ರೆ ಚಪ್ಪಲಿ ಥರ ಆಗತ್ತೆ. ಹದ ನೋಡಿ ನಿಲ್ಲಿಸ್ಬೇಕು."

"ಹದ ಅಂದ್ರೆ ಯಾವ ಹದ? ಇಟ್ಟಿಗೆ ಕಟ್ಟೋ ಹದಾನಾ, ಗಿಲಾವಿನ ಹದಾನಾ?"

ಅವಳು ಯೋಚಿಸಿದಳು. "ಎರಡೂ ಅಲ್ಲ. ನೆಲಕ್ಕೆ ಸಿಮೆಂಟು ಹಾಲು ಹುಯ್ತೀರಲ್ಲ, ಅದಕ್ಕಿಂತ ಸ್ವಲ್ಪ ಗಟ್ಟಿ. ಸೌಟಲ್ಲಿ ಎತ್ತಿದ್ರೆ ಪಟ್ಟಿ ಹಾಗೆ ಇಳೀಬೇಕು, ಇಳಿದ ಗುರುತು ಒಂದು ಗಳಿಗೆ ಇದ್ದು ಮಾಯ ಆಗ್ಬೇಕು."

ಮೇಸ್ತ್ರಿ ಸೌಟು ಎತ್ತಿದ. ಪಟ್ಟಿ ಇಳಿಯಿತು, ಗುರುತು ನಿಂತಿತು, ಮಾಯವಾಯಿತು. ಅವನಿಗೆ ಬೆರಗಾದದ್ದು ಹಿಟ್ಟನ್ನು ನೋಡಿ ಅಲ್ಲ. ತನ್ನ ಕಸುಬಿನ ಹದಗಳೆಲ್ಲ ಇವಳಿಗೆ ಗೊತ್ತು, ಇವಳ ಕಸುಬಿನ ಒಂದೇ ಒಂದು ಹದವೂ ತನಗೆ ಗೊತ್ತಿರಲಿಲ್ಲ.

ಕೇಕು ಓವನ್ನಿನಲ್ಲಿರುವಾಗ ಕಿತ್ತಳೆಯ ಹೂರಣಕ್ಕೆ ಕೈ ಹಾಕಿದರು. ಸಿಪ್ಪೆಯನ್ನು ಸಣ್ಣಗೆ ತುರಿಯಬೇಕು. ಮೇಸ್ತ್ರಿ ಹಳೆಯ ಗಿಲಾವು ಕೆರೆಯುವವನ ಹುಮ್ಮಸ್ಸಿನಲ್ಲಿ ಬುಡದವರೆಗೂ ಕೆರೆದ. ಕೆರೆದ ಎರಡು ಹಣ್ಣೂ ದಂಡ. "ಮೇಲಿನ ಬಣ್ಣ ಮಾತ್ರ ಬೇಕು" ಎಂದಳು ಅವಳು, "ಒಳಗಿನ ಬಿಳಿ ಬಂದ್ರೆ ಕಹಿ. ಸುಣ್ಣ ಮಾತ್ರ ಕೆರೀಬೇಕು, ಗೋಡೆ ಅಲ್ಲ." ಮತ್ತೆರಡು ಹಣ್ಣು ಬಂದವು. ಈ ಸಲ ಬಣ್ಣ ಮಾತ್ರ ಬಂತು. ಕಿತ್ತಳೆ ರಸ, ಹುಳಿಗೆಂದು ಅರ್ಧ ನಿಂಬೆ, ಮೊಟ್ಟೆಯ ಹಳದಿ, ಸಕ್ಕರೆ. ಸಣ್ಣ ಉರಿಯಲ್ಲಿ ಬಿಡದೆ ಕೈಯಾಡಿಸಬೇಕು. ಬಿಟ್ಟರೆ ಒಡೆಯುತ್ತದೆ. ಇಪ್ಪತ್ತು ನಿಮಿಷ ಮೇಸ್ತ್ರಿ ನಿಂತಲ್ಲೇ ನಿಂತು ತಿರುವಿದ. ಮಂಡಿ ನೋಯುತ್ತಿತ್ತು. ಹೇಳಲಿಲ್ಲ. ಇವಳು ಹನ್ನೆರಡು ವರ್ಷ ಹೀಗೇ ನಿಂತಿದ್ದಾಳೆ, ಇವಳ ಮಂಡಿಯ ವಿಚಾರ ಒಂದು ದಿನವೂ ಕೇಳಿದವನಲ್ಲ ತಾನು ಎಂಬ ಯೋಚನೆ ಬಂದು ಸೌಟು ನಿಧಾನವಾಯಿತು.

"ನಿಲ್ಲಿಸ್ಬೇಡಿ" ಅಂದಳು ಅವಳು.

ಓವನ್ ತೆರೆದಾಗ ಪರಿಮಳ ಹಜಾರ ದಾಟಿ ಬೀದಿಗೆ ಹೋಯಿತು. ಕೇಕು ಚೆನ್ನಾಗಿಯೇ ಉಬ್ಬಿತ್ತು. ಆದರೆ ಮೇಸ್ತ್ರಿಯ ತಲೆಯೊಳಗಿನ ಗುಳ್ಳೆ ಗಕ್ಕನೆ ಸರಿಯಿತು. ಟಿನ್ನಿನ ಒಂದು ಬದಿ ಎತ್ತರ, ಇನ್ನೊಂದು ಬದಿ ತಗ್ಗು. ಮಳೆನೀರು ಹರಿಯಲೆಂದು ಇಳಿಜಾರು ಬಿಟ್ಟ ತಾರಸಿಯ ಹಾಗೆ ಕಾಣುತ್ತಿತ್ತು.

"ವಾಲಿದೆಯಲ್ಲೇ ಇದು. ನಿನ್ನ ಚೀಟಿಯಲ್ಲೇ ಏನೋ ತಪ್ಪಿದೆ."

"ಚೀಟಿ ಸರಿಯಾಗಿದೆ. ಕಟ್ಟೆ ಡೊಂಕು."

ಮೇಸ್ತ್ರಿ ನಕ್ಕುಬಿಟ್ಟ. "ಕುಣಿಯಲಾರದವಳು ನೆಲ ಡೊಂಕು ಅಂದಳಂತೆ. ಕಟ್ಟೆ ಕಟ್ಟಿದ್ದು ಯಾರು ಗೊತ್ತಾ?"

"ಗೊತ್ತು" ಅಂದಳು. "ನಿಮ್ಮ ರಸಮಟ್ಟ ತಗೊಂಡ್ ಬನ್ನಿ."

ತಂದ. ಕಟ್ಟೆಯ ಮೇಲೆ ಇಟ್ಟ. ಗುಳ್ಳೆ ನಡುವೆ ನಿಲ್ಲಲಿಲ್ಲ. ಮೆಲ್ಲಗೆ, ನಾಚಿಕೆಯಿಲ್ಲದೆ, ಬಾಗಿಲ ಕಡೆಗೆ ಹೋಗಿ ಕೂತಿತು. ಪಟ್ಟಿಯನ್ನು ತಿರುಗಿಸಿ ಇಟ್ಟ. ಗುಳ್ಳೆ ಮತ್ತೆ ಬಾಗಿಲ ಕಡೆಗೇ ಹೋಯಿತು. ಊರಿನ ಟೀ ಮೇಜು, ಬ್ಯಾಂಕಿನ ಫೋಟೊ, ಡಾಕ್ಟರ ಸೂರು ಎಲ್ಲವನ್ನೂ ಅಳೆದವನು, ತನ್ನ ಮನೆಯ ಅಡುಗೆ ಕಟ್ಟೆಯ ಮೇಲೆ ಒಂದು ದಿನವೂ ರಸಮಟ್ಟ ಇಟ್ಟಿರಲಿಲ್ಲ. ಅವಳು ಕೇಕು ಶುರು ಮಾಡುತ್ತೇನೆ ಎಂದ ವರ್ಷ, ಎರಡು ಕೆಲಸಗಳ ನಡುವಿನ ಒಂದು ಮಧ್ಯಾಹ್ನದಲ್ಲಿ ಅವಸರವಸರವಾಗಿ ಕಟ್ಟಿ ಎದ್ದಿದ್ದ. ಇವಳ ಆಟಕ್ಕೆ ಇಷ್ಟು ಸಾಕು, ಆಮೇಲೆ ನೋಡಿದರಾಯಿತು ಎಂದುಕೊಂಡದ್ದು ಈಗ ನೆನಪಾಯಿತು. ದೀಪದ ಬುಡದಲ್ಲೇ ಕತ್ತಲೆ.

"ಮತ್ತೆ ಇಷ್ಟು ವರ್ಷ ನಿನ್ನ ಕೇಕು ವಾಲ್ತಿರ್ಲಿಲ್ಲವಲ್ಲ?"

"ಓವನ್ನಿನ ಈ ಬದಿ ಕಾಲಡಿ ರಟ್ಟು ಮಡಚಿ ಇಟ್ಟಿದ್ದೆ. ನೀವು ನಿನ್ನೆ ಕಸ ಅಂತ ಗುಡಿಸಿ ಹಾಕಿದ್ರಿ."

"ಹನ್ನೆರಡು ವರ್ಷ?"

"ರಟ್ಟು ಹಳೇದಾದಾಗ ಬದಲಾಯಿಸ್ತಿದ್ದೆ."

"ಒಂದು ಮಾತು ಹೇಳ್ಬಾರ್ದಾ?"

"ಮೊದಲ್ನೇ ವರ್ಷ ಮೂರು ಸಲ ಹೇಳಿದ್ದೆ" ಎಂದಳು ಅವಳು. ಅವಳ ದನಿಯಲ್ಲಿ ಕೋಪವಿರಲಿಲ್ಲ, ಅದೇ ಅವನಿಗೆ ಕಷ್ಟವಾಯಿತು. "ಆಮೇಲೆ ರಟ್ಟೇ ಸುಲಭ ಅನ್ನಿಸ್ತು."

ಮೇಸ್ತ್ರಿ ಬಗ್ಗಿ ಆ ಗುಳ್ಳೆಯನ್ನು ಇನ್ನೊಮ್ಮೆ ನೋಡಿದ. ಅವನ ಕಣ್ಣಂಚು ಒದ್ದೆಯಾಗಿತ್ತು. ಕಿತ್ತಳೆ ಸಿಪ್ಪೆಯ ಘಾಟು ಎಂದು ಹೇಳಿ ತೋಳಿನಿಂದ ಒರೆಸಿಕೊಂಡ.

ಆಮೇಲಿನ ಕೆಲಸವನ್ನು ಮೇಸ್ತ್ರಿ ಮಾಡಿದ ರೀತಿಯೇ ಬೇರೆ. ಕೇಕು ಪೂರ್ತಿ ಆರುವವರೆಗೆ ಮುಟ್ಟಬಾರದು ಎಂದಾಗ ಮರುಮಾತಾಡಲಿಲ್ಲ. ಹಸಿ ಗೋಡೆಯ ಮೇಲೆ ಭಾರ ಹೊರಿಸಬಾರದು ಎನ್ನುವುದು ಅವನಿಗೂ ಗೊತ್ತಿದ್ದ ಶಾಸ್ತ್ರ. ಸೀಳುವಾಗ ಮಾತ್ರ ಅವನದೇ ನಡೆಯಿತು. ಅವಳು ಉದ್ದ ಚಾಕು ತೋರಿಸಿದಳು. ಅವನು ಚೀಲದಿಂದ ಹೊಚ್ಚಹೊಸ ದಾರದ ಉಂಡೆ ತೆಗೆದ, ಇಟ್ಟಿಗೆಯ ಪ್ರತಿ ವರಸೆಗೂ, ಅಂದರೆ ಸಾಲಿಗೂ, ಹಿಡಿಯುವಂಥದ್ದು. ಬಿಸಿನೀರಿನಲ್ಲಿ ಅದ್ದಿ ತೆಗೆದ. ಕೇಕಿನ ಸುತ್ತ ಹಲ್ಲುಕಡ್ಡಿ ಚುಚ್ಚಿ ಗುರುತು ಮಾಡಿ, ದಾರ ಸುತ್ತಿ, ಎರಡು ತುದಿ ಅಡ್ಡ ಹಿಡಿದು ಮೆಲ್ಲನೆ ಎಳೆದ. ವಾಲಿದ ನೆತ್ತಿ ಒಂದು ತಟ್ಟೆಯಂತೆ ಕಳಚಿ ಬಂತು. ಇನ್ನೆರಡು ಸಲ ಎಳೆದಾಗ ಮೂರು ಪದರ. ಅವಳು ಕುರ್ಚಿಯಿಂದ ಬಗ್ಗಿ ನೋಡಿದಳು. ಒಂದು ಪುಡಿಯೂ ಉದುರಿರಲಿಲ್ಲ.

"ಈ ವಿದ್ಯೆ ಮೊದ್ಲೇ ಹೇಳ್ಕೊಡ್ಬಾರ್ದಿತ್ತಾ?"

"ನೀನು ಕೇಳ್ಲಿಲ್ಲ."

"ನೀವು ನೋಡ್ಲಿಲ್ಲ" ಎಂದಳು.

ಪ್ರತಿ ಪದರಕ್ಕೂ ಸಕ್ಕರೆ ನೀರು ಚಿಮುಕಿಸಬೇಕು ಎಂದಾಗ ಮೇಸ್ತ್ರಿಯ ಮುಖ ಅರಳಿತು. "ಇದು ಕ್ಯೂರಿಂಗ್ ಅಲ್ವೇನೇ" ಎಂದು ಗೋಡೆಗೆ ನೀರು ಹೊಡೆಯುವವನಂತೆ ಬ್ರಷ್ ಆಡಿಸಿದ. ಹೂರಣವನ್ನು ಮಾತ್ರ ಅಂಚಿನವರೆಗೆ ಬಳಿಯಲು ಅವಳು ಬಿಡಲಿಲ್ಲ. ಮೇಲಿನ ವರಸೆ ಕೂತಾಗ ಅದು ತಾನೇ ಅಂಚಿಗೆ ಬರುತ್ತದೆ ಎಂದಳು. ಬಂತು. ಒಂದು ವರಸೆ, ಹೂರಣ, ಎರಡನೆಯ ವರಸೆ, ಹೂರಣ, ಮೂರನೆಯ ವರಸೆ. ಮೇಲೆ ಚಾಕೊಲೇಟಿನ ಗಿಲಾವು. ಆ ಕೆಲಸಕ್ಕೆ ನಿಂತಾಗ ಅವಳು ಅವನ ಕೈಯನ್ನೇ ನೋಡುತ್ತಿದ್ದಳು. ಇಷ್ಟು ನಯವಾದ ಅಂಚು ಅವಳಿಗೂ ಬಂದದ್ದಿಲ್ಲ. ಅದನ್ನು ಬಾಯಿಬಿಟ್ಟೇ ಹೇಳಿದಳು. ನಲವತ್ತು ವರ್ಷದಲ್ಲಿ ಯಾವ ಮನೆ ಯಜಮಾನ ಹೊಗಳಿದಾಗಲೂ ಮೇಸ್ತ್ರಿಯ ಕಿವಿ ಹೀಗೆ ಕೆಂಪಾಗಿರಲಿಲ್ಲ.

ಕೊನೆಗೆ ಅಳತೆ ಪಟ್ಟಿ ತೆಗೆದು ಎತ್ತರ ನೋಡಿದ. "ನಾಲ್ಕೂವರೆಗೆ ಕಾಲಿಂಚು ಕಮ್ಮಿ."

"ಇರ್ಲಿ ಬಿಡಿ. ನಿಮ್ಮ ಮೇಡಂ ಟೇಪು ಹಿಡ್ಕೊಂಡು ಬರ್ತಾರಾ?"

ಮೇಡಂ ಹೆಸರು ಬಂದ ಕೂಡಲೇ ಮೇಸ್ತ್ರಿಯ ಹುಮ್ಮಸ್ಸೆಲ್ಲ ಜರ್ರನೆ ಇಳಿಯಿತು. ಸುಳ್ಳನ್ನು ಅವನು ಅಲ್ಲಿಯವರೆಗೆ ಮರೆತೇಬಿಟ್ಟಿದ್ದ. ಗಡಿಯಾರ ನಾಲ್ಕೂಮುಕ್ಕಾಲು ತೋರಿಸುತ್ತಿತ್ತು. ನಾನೇ ಒಯ್ದು ಕೊಟ್ಟು ಬರುತ್ತೇನೆ ಎಂದು ಹೊರಟು, ಬೀದಿ ಸುತ್ತಿ ಬರಬಹುದು. ಆದರೆ ಕೇಕನ್ನು ಎಲ್ಲಿಡುವುದು? ಬರಲಾಗಲಿಲ್ಲವಂತೆ ಎಂದು ಇನ್ನೊಂದು ಸುಳ್ಳು ಪೋಣಿಸಬಹುದು. ಆದರೆ ಬೇಡವೆಂದರಂತೆ ಅನ್ನುವ ಮಾತು ಕೇಳಿದರೆ ಇವಳು ಮತ್ತೆ ಕಿಟಕಿಗೆ ಹೋಗಿ ಕೂತರೆ? ಐದಾಯಿತು. ಐದೂಕಾಲಾಯಿತು. ಬೀದಿಯಲ್ಲಿ ಯಾವ ಗಾಡಿಯ ಸದ್ದಾದರೂ ಮೇಸ್ತ್ರಿ ಎದ್ದು ನಿಲ್ಲುತ್ತಿದ್ದ. ಅವಳು ಆರಾಮಾಗಿ ಕೂತು ಅವನನ್ನೇ ನೋಡುತ್ತಿದ್ದಳು.

"ಕೂತ್ಕೊಳ್ಳಿ" ಅಂದಳು. "ಯಾರೂ ಬರಲ್ಲ."

ಮೇಸ್ತ್ರಿ ಕೂತ.

"ಮೂವತ್ತೈದು ವರ್ಷ ಆಯ್ತು, ಇನ್ನೂ ನಿಮಗೆ ಸುಳ್ಳು ಹೇಳೋಕೆ ಬರಲ್ಲ. ಕೇಕನ್ನ ಕೇಜಿ ಲೆಕ್ಕದಲ್ಲಿ ಕೇಳ್ತಾರೆ. ಅರ್ಧ ಕೇಜಿ, ಒಂದು ಕೇಜಿ. ಇಂಚಲ್ಲಿ ಕೇಳೋ ಗಿರಾಕಿ ಈ ಊರಲ್ಲಿ ಒಬ್ರೇ ಇರೋದು."

"ನಿನ್ನೇನೇ ಗೊತ್ತಾಯ್ತಾ?"

"ನೀವು ಒಂಬತ್ತಿಂಚು ಅಂದ ಕೂಡ್ಲೇ."

"ಮತ್ತೆ ಯಾಕೆ ಸುಮ್ನಿದ್ದೆ?"

"ನೋಡೋಣ ಅಂತ" ಎಂದಳು. ಅವಳ ತುಟಿಯ ಒಂದು ಕೊನೆ ಮೇಲಕ್ಕೆದ್ದಿತ್ತು. "ಹನ್ನೆರಡು ವರ್ಷ ಸಿಹಿ ಗಾರೆ ಅಂದೋರು, ಒಂದಿನ ಕಲಸಿ ನೋಡ್ಲಿ ಅಂತ."

ಮೇಸ್ತ್ರಿ ಎದ್ದು ಒಂದು ತುಂಡು ಕೊಯ್ದ. ಮೂರು ವರಸೆ, ನಡುವೆ ಎರಡು ಕಿತ್ತಳೆ ಗೆರೆ, ನೂಲು ಹಿಡಿದಷ್ಟು ನೇರ. ಅವಳಿಗೆ ಎಡಗೈಯಲ್ಲಿ ಚಮಚ ಹಿಡಿಯುವುದು ಕಷ್ಟವೆಂದು ತಾನೇ ತಿನ್ನಿಸಿದ. ಅವಳು ಕಣ್ಣು ಮುಚ್ಚಿ ಅಗಿದಳು. "ಸ್ವಲ್ಪ ಜಾಸ್ತಿ ತಿರುವಿದೀರ" ಎಂದಳು. ಇನ್ನೊಂದು ತುತ್ತಿಗೆ ಬಾಯಿ ತೆರೆದಳು.

"ಕಟ್ಟೆ ಒಡೆದು ಹೊಸದು ಕಟ್ತೀನಿ" ಅಂದ ಮೇಸ್ತ್ರಿ. "ನಾಳೇನೇ."

"ನಾಳೆ ಬೇಡ. ಭಾನುವಾರ ಆದ್ಮೇಲೆ ಕಟ್ಟಿ. ಅಲ್ಲಿವರ್ಗೂ ರಟ್ಟು ಸಾಕು." ಅವಳು ಎಡಗೈಯಲ್ಲಿ ಫೋನ್ ಎತ್ತಿಕೊಂಡು ನಂಬರು ಒತ್ತಿದಳು. ಹೋದ ವಾರ ಅವಳು ಬೇಡವೆಂದು ಕಳಿಸಿದ್ದ ಟೀಚರಮ್ಮನ ನಂಬರು ಅದು. "ಟೀಚರಮ್ಮ, ನಾನು. ಭಾನುವಾರದ ಕೇಕು ಬೇರೆ ಕಡೆ ಹೇಳ್ಬಿಟ್ರಾ? ಇಲ್ವಾ? ಹಾಗಾದ್ರೆ ಹೇಳ್ಬೇಡಿ. ಇಲ್ಲ, ಕೈ ಇನ್ನೂ ಹಾಗೇ ಇದೆ. ಅದಕ್ಕೇನು, ಮನೇಲಿ ಇನ್ನೆರಡು ಕೈ ಇದಾವಲ್ಲ. ಸ್ವಲ್ಪ ಒರಟು. ಆದ್ರೆ ಮಟ್ಟ ತಪ್ಪಲ್ಲ."

ಮೇಸ್ತ್ರಿ ಚಮಚ ಹಿಡಿದುಕೊಂಡೇ ಕೂತಿದ್ದ. ಅವಳು ಫೋನನ್ನು ಎದೆಗೆ ಒತ್ತಿ ಹಿಡಿದು ಅವನ ಕಡೆ ತಿರುಗಿದಳು.

"ಎರಡು ಕೇಜಿ ಬೇಕಂತೆ. ನಿಮ್ಮ ಇಂಚಲ್ಲಿ ಎಷ್ಟಾಗತ್ತೆ?"

ಮೇಸ್ತ್ರಿ ಕಿವಿಯ ಹಿಂದಿನ ಪೆನ್ಸಿಲ್ ತೆಗೆದ.